ಲಿಸಿಮಾನ ಅಂದರೆ ಏನು?

ಗೇಟಿನ ಪಕ್ಕದ ದೀವಿ ಹಲಸಿನ ಮರದಿಂದ ನೀರಿನ ಟ್ಯಾಂಕಿನವರೆಗೆ ಮೆಲೆನೈಟೆ ತಾನೇ ಬ್ಯಾನರ್ ಕಟ್ಟಿದ್ದಳು. ನೀಲಿ ಬಟ್ಟೆಯ ಮೇಲೆ ಹಳದಿ ಅಕ್ಷರ: ‘ನಮ್ಮ ಲಿಸಿಮಾನನ ದೀಕ್ಷಾಸ್ನಾನಕ್ಕೆ ಎಲ್ಲರಿಗೂ ಸ್ವಾಗತ’. ಶನಿವಾರ ಮಧ್ಯಾಹ್ನ ಆಕ್ಲೆಂಡಿನಿಂದ ಬಂದ ಗಂಡನ ಅಕ್ಕ ಸೆಲುವಾಯಾ ವ್ಯಾನಿನಿಂದ ಇಳಿದವಳು ಮಗುವಿನ ಕಡೆ ನೋಡಲೇ ಇಲ್ಲ. ಕಪ್ಪು ಕನ್ನಡಕವನ್ನು ಹಣೆಗೇರಿಸಿ ಬ್ಯಾನರ್ ಓದಿದಳು. ಓದಿ ಮುಗಿದ ಮೇಲೂ ಅದನ್ನೇ ನೋಡುತ್ತ ನಿಂತಳು.

“ಯಾರೇ ಇವನು ಲಿಸಿಮಾನ?”

“ನಿಮ್ಮ ಸೋದರಳಿಯ, ಅತ್ತಿಗೆ.”

“ಓಹೋ, ಹೆಸರಿಟ್ಟೂ ಆಯ್ತಾ? ಹಾಗಾದ್ರೆ ನನ್ನನ್ನ ಯಾಕೆ ಕರೆಸಿದ್ರಿ? ಕೇಕ್ ತಿನ್ನೋಕಾ?”

ಕೇಕಿನ ಮೇಲೂ ಅದೇ ಹೆಸರು ಬರೆದಿದೆ ಎಂಬುದು ಅವಳಿಗೆ ಇನ್ನೂ ಗೊತ್ತಿರಲಿಲ್ಲ.

ಮೆಲೆನೈಟೆ ಗಂಡನ ಮುಖ ನೋಡಿದಳು. ಸೊಸಾಯಾ ವ್ಯಾನಿನ ಹಿಂದೆ ಬಗ್ಗಿ ಅಕ್ಕನ ಪೆಟ್ಟಿಗೆ ಇಳಿಸುತ್ತಿದ್ದ. ಒಂದು ಪೆಟ್ಟಿಗೆ ಇಳಿಸುವುದಕ್ಕೆ ಅಷ್ಟು ಹೊತ್ತು ಯಾರೂ ಬಗ್ಗಿರುವುದಿಲ್ಲ. ‘ಅಕ್ಕನಿಗೆ ಫೋನಿನಲ್ಲಿ ಎಲ್ಲಾ ಹೇಳಿದ್ದೀನಿ, ಒಪ್ಪಿದ್ದಾಳೆ, ನೀನು ಬ್ಯಾನರ್ ಬರೆಸು’ ಎಂದಿದ್ದವನು ಇವನೇ. ಹೇಳಿರಲಿಲ್ಲ. ಹೇಳುವ ಗಂಡಸೇ ಆಗಿರಲಿಲ್ಲ. ಟೋಂಗಾದಲ್ಲಿ ಅಕ್ಕನ ಎದುರು ತಮ್ಮ ತಲೆ ಎತ್ತಿ ಮಾತಾಡುವುದಿಲ್ಲ, ಅದು ಮರ್ಯಾದೆ, ಸರಿ. ಆದರೆ ಹೆಂಡತಿಯ ಎದುರು ಸುಳ್ಳು ಹೇಳುವುದು ಯಾವ ಮರ್ಯಾದೆ? ಮೆಲೆನೈಟೆಗೆ ಮೈಯೆಲ್ಲ ಉರಿದುಹೋಯಿತು.

ಮಗುವಿಗೆ ಹೆಸರಿಡುವವಳು ಸೋದರತ್ತೆ. ಇದು ಅವರಲ್ಲಿ ಚರ್ಚೆಯ ವಿಷಯವೇ ಅಲ್ಲ. ಒಂಬತ್ತು ತಿಂಗಳು ಹೊತ್ತವಳು, ಮೀನಿನ ವಾಸನೆ ಬಂದರೆ ಸಾಕು ವಾಂತಿ ಮಾಡಿಕೊಂಡವಳು, ಆಸ್ಪತ್ರೆಯಲ್ಲಿ ಹಾಸಿಗೆಯ ಕಬ್ಬಿಣ ಹಿಡಿದು ಕಿರುಚಿದವಳು ಒಬ್ಬಳು. ಆಕ್ಲೆಂಡಿನಲ್ಲಿ ಹೀಟರಿನ ಮುಂದೆ ಕೂತು ‘ಆಯ್ತಾ?’ ಎಂದು ಫೋನಿನಲ್ಲಿ ಕೇಳಿದವಳು ಇನ್ನೊಬ್ಬಳು. ಹೆಸರಿಡುವ ಹಕ್ಕು ಎರಡನೆಯವಳದ್ದು! ಸೋದರತ್ತೆ ದೊಡ್ಡವಳು, ತಂದೆ ಅವಳಿಗಿಂತ ಕಮ್ಮಿ, ತಾಯಿಯ ಕಡೆಯವರು ಎಲ್ಲರಿಗಿಂತ ಕಮ್ಮಿ. ತಾಯಿಯ ಕಡೆಯವರಿಗಿರುವುದು ಹಿತ್ತಲಿನ ಒಲೆಗುಂಡಿ, ಅದರ ಹೊಗೆ.

ಆ ಹೊಗೆಯಲ್ಲಿ ಕೂತು ಕೆಸುವಿನೆಲೆಯಲ್ಲಿ ಮಾಂಸ ಕಟ್ಟುತ್ತಿದ್ದ ಮೆಲೆನೈಟೆಯ ತಾಯಿ ಕಲೀಸಿ ಮಗಳ ಮುಖ ನೋಡಿದ್ದೇ ಕೈ ಹಿಡಿದು ಕೂರಿಸಿಕೊಂಡಳು.

“ಬಾಯಿ ಮುಚ್ಕೊಂಡಿರು ಮಗಳೇ. ನಾವು ಇಲ್ಲಿ ಬಡಿಸೋಕೆ ಬಂದವರು, ಮಾತಾಡೋಕಲ್ಲ.”

“ಬಾಯಿ ಮುಚ್ಕೊಂಡೇ ಇದ್ದೀನಲ್ಲಮ್ಮ! ಅರ್ಧ ಹೆಸರು ತಾನೇ ಕೇಳಿದ್ದು? ಪೂರ್ತಿ ಕೇಳಿದ್ನಾ?”

ಆ ಅರ್ಧ ಯಾರದು ಎಂಬುದು ಕಲೀಸಿಗೆ ಗೊತ್ತಿತ್ತು, ಅವಳು ಹೆತ್ತ ಮಗನದು. ಲಿಸಿಯಾಟೆ, ಮೆಲೆನೈಟೆಯ ತಮ್ಮ, ಹಿಂದಿನ ವರ್ಷ ಹಣ್ಣು ಕೀಳುವ ಕೆಲಸಕ್ಕೆಂದು ಆಸ್ಟ್ರೇಲಿಯಾಕ್ಕೆ ಹೋಗಿದ್ದ. ತೋಟದ ಟ್ರ್ಯಾಕ್ಟರ್ ಮಗುಚಿ ಬಿದ್ದು ಪೆಟ್ಟಿಗೆಯಲ್ಲಿ ವಾಪಸು ಬಂದ. ತೋಟದ ಯಜಮಾನ ಒಂದು ಹೂವಿನ ಹಾರ ಕಳಿಸಿದ್ದ, ಜೊತೆಗೆ ಲಿಸಿಯಾಟೆ ಹಾಕಿಕೊಳ್ಳುತ್ತಿದ್ದ ಟೋಪಿಯನ್ನೂ. ಇನ್ನೂ ಮದುವೆಯಾಗಿರಲಿಲ್ಲ, ಮಕ್ಕಳಿರಲಿಲ್ಲ. ಊರಿನಲ್ಲಿ ಮುದುಕರು ಸತ್ತರೂ ಅವರ ಹೆಸರು ಮೊಮ್ಮಕ್ಕಳಲ್ಲಿ ಓಡಾಡಿಕೊಂಡಿರುತ್ತದೆ. ಇವನದು ಮಾತ್ರ ಮಣ್ಣಿಗೇ ಹೋಯಿತು.

ಮೆಲೆನೈಟೆ ಬಸುರಿಯಾದಾಗಲೇ ಹೆಸರನ್ನು ಹೊಸೆದಿದ್ದಳು. ತಮ್ಮನ ಲಿಸಿಯಾಟೆಯಿಂದ ‘ಲಿಸಿ’, ಸತ್ತ ಮಾವ ಮಾನಾಸೆಯಿಂದ ‘ಮಾನ’. ಈಗ ಊರಿನಲ್ಲಿ ಎಲ್ಲರೂ ಹೀಗೇ ಜೋಡಿಸುತ್ತಾರೆ, ಬೇಕರಿಯವಳ ಮೊಮ್ಮಗನ ಹೆಸರಿನಲ್ಲಿ ನಾಲ್ಕು ಜನ ಇದ್ದಾರೆ. ನಿಮ್ಮಪ್ಪ ಅರ್ಧ, ನನ್ನ ತಮ್ಮ ಅರ್ಧ, ಯಾರಿಗೂ ಮೋಸ ಇಲ್ಲ ಎಂದು ಅವಳು ಗಂಡನಿಗೆ ಹೇಳಿದ್ದಳು. ನ್ಯಾಯವಾಗಿದೆ ಎಂದು ಅವನೂ ತಲೆಯಾಡಿಸಿದ್ದ. ತಲೆಯಾಡಿಸುವುದರಲ್ಲಿ ಅವನನ್ನು ಮೀರಿಸುವವರಿಲ್ಲ.

ಸಂಜೆ ಚಾಪೆ ಹಾಸಿ ಎಲ್ಲರೂ ಕೂತರು. ಪಾದ್ರಿಯೂ ಬಂದಿದ್ದರು. ಸೆಲುವಾಯಾ ಗೋಡೆಗೊರಗಿ, ದಿಂಬಿಟ್ಟುಕೊಂಡು, ಮಗುವನ್ನು ಮಡಿಲಲ್ಲಿ ಹಾಕಿಕೊಂಡು ಕೂತಿದ್ದಳು. ಮಗುವೇನೋ ಅವಳ ಬಳೆ ಹಿಡಿದು ನಗುತ್ತಿತ್ತು. ಮೆಲೆನೈಟೆಗೆ ಅದರ ಮೇಲೂ ಸಿಟ್ಟು ಬಂತು.

“ಪಾದ್ರಿಗಳೇ, ನೀವೇ ಹೇಳಿ. ಲಿಸಿಮಾನ ಅಂದ್ರೆ ಏನು? ಬೈಬಲ್ಲಿನಲ್ಲಿದೆಯಾ?”

“ಇದ್ದ ಹಾಗಿಲ್ಲಮ್ಮ” ಎಂದರು ಪಾದ್ರಿ, ಎರಡೂ ಕಡೆ ನೋಡುತ್ತ.

“ನಮ್ಮ ಭಾಷೇಲಿ ಇದೆಯಾ? ಮೀನಿನ ಹೆಸರಾ? ಗಾಳಿ ಹೆಸರಾ? ಅಂಗಡೀಲಿ ಸೋಪಿನ ಪಕ್ಕ ಇಟ್ಟಿದ್ರೆ ನಾನೇ ಎರಡು ಕೊಂಡ್ಕೋತಿದ್ದೆ.”

ಕೂತಿದ್ದವರು ನಕ್ಕರು. ಸೊಸಾಯಾನೂ ನಕ್ಕ. ಮೆಲೆನೈಟೆ ಅದನ್ನು ಮನಸ್ಸಿನಲ್ಲಿ ಬರೆದಿಟ್ಟುಕೊಂಡಳು.

“ನಾನೂ ಹೆಸರು ತಂದಿದ್ದೀನಿ” ಎಂದಳು ಸೆಲುವಾಯಾ. “ಸೆಲುರಾನ್.”

“ಅದರ ಅರ್ಥ ಏನತ್ತಿಗೆ?” ಎಂದು ಮೆಲೆನೈಟೆ ಬಾಗಿಲ ಹತ್ತಿರದಿಂದ ಕೇಳಿದಳು. ಹಿರಿಯರ ಮುಂದೆ ಮರ್ಯಾದೆಗೆಂದು ಅವಳು ಸೊಂಟಕ್ಕೆ ಸುತ್ತಿದ್ದ ಚಾಪೆಯ ಅಂಚನ್ನು ತಾಯಿ ಎಳೆದದ್ದು ತಡವಾಗಿತ್ತು.

“ಅರ್ಥ ಏನು ಬಂತು? ನನ್ನ ಹೆಸರಿನ ಮುಂಭಾಗ, ನಮ್ಮೆಜಮಾನರು ರಾನ್ ಅವರ ಹೆಸರು. ಇವನ ಸ್ಕೂಲು, ಕಾಲೇಜು ಎಲ್ಲಾ ನೋಡ್ಕೊಳ್ಳೋರು ನಾವೇ ತಾನೇ?”

ಹುಳದ ಔಷಧಿಯ ಬಾಟಲಿಗೆ ಇಡಬೇಕಾದ ಹೆಸರು! ಟ್ರಕ್ ಓಡಿಸುವ ರಾನ್ ಈ ಮನೆಗೆ ಒಮ್ಮೆ ಬಂದಿದ್ದ. ಬಂದು ಸೆಕೆ ಸೆಕೆ ಎಂದು ಗೊಣಗಿ, ಎರಡು ದಿನಕ್ಕೆ ಹೋಟೆಲಿಗೆ ಹೊರಟುಹೋಗಿದ್ದ. ಅವನು ಮಗುವಿನ ಹೆಸರಿನೊಳಗೆ ಕಾಲು ಚಾಚಿ ಮಲಗಬಹುದು. ಈ ಮನೆಯ ತಗಡಿನ ಚಾವಣಿಯನ್ನು ಬಿಸಿಲಿನಲ್ಲಿ ಹೊಡೆದು ಕೂರಿಸಿದ ಲಿಸಿಯಾಟೆಗೆ ಅದರಲ್ಲಿ ಜಾಗ ಇಲ್ಲ. ಹೊಸೆದ ಹೆಸರು ಎಂಬುದು ತಪ್ಪಲ್ಲ, ಒಳಗೆ ಯಾರ ಕಡೆಯವರಿದ್ದಾರೆ ಎಂಬುದೇ ತಪ್ಪು.

ಅಷ್ಟರಲ್ಲಿ ಹಿತ್ತಲಿನಲ್ಲಿ ಹಂದಿ ಕಿರುಚಿತು. ಸೆಲುವಾಯಾಳ ಇಬ್ಬರು ಗಂಡುಮಕ್ಕಳು, ಒಬ್ಬೊಬ್ಬನೂ ಬಾಗಿಲಿನಷ್ಟು ಅಗಲ, ಗೂಡಿನಿಂದ ಸೊಸಾಯಾನ ದೊಡ್ಡ ಹೆಣ್ಣುಹಂದಿಯ ಕಾಲು ಕಟ್ಟಿ ವ್ಯಾನಿಗೆ ಏರಿಸುತ್ತಿದ್ದರು. ಊರಾಚೆ ಗೆಳೆಯರ ಪಾರ್ಟಿಯಂತೆ. ಕೇಳಲಿಲ್ಲ, ಹೇಳಲಿಲ್ಲ. ಕೇಳುವ ಅಗತ್ಯವೂ ಇಲ್ಲ, ಯಾಕೆಂದರೆ ಅವರು ಈ ಮನೆಗೆ ಫಹು. ಅಕ್ಕತಂಗಿಯರ ಮಕ್ಕಳು ಸೋದರಮಾವನ ಮನೆಯಲ್ಲಿ ಏನು ಬೇಕಾದರೂ ಎತ್ತಿಕೊಳ್ಳಬಹುದು, ಅವನ ತಟ್ಟೆಯಲ್ಲಿರುವ ಅನ್ನವನ್ನೂ. ಮಾವ ನಗುತ್ತ ಇನ್ನೇನಾದರೂ ಬೇಕಾ ಎನ್ನಬೇಕು. ಹೋದ ಸಲ ಇವರು ದೋಣಿಯ ಇಂಜಿನ್ನನ್ನೇ ಬಿಚ್ಚಿಕೊಂಡು ಹೋಗಿದ್ದರು. ಅಂದಿನಿಂದ ಸೊಸಾಯಾ ಹುಟ್ಟು ಹಾಕಿಕೊಂಡೇ ಮೀನಿಗೆ ಹೋಗುತ್ತಾನೆ.

“ಇನ್ನೇನಾದ್ರೂ ಬೇಕೇನ್ರೋ?” ಎಂದ ಸೊಸಾಯಾ, ಹಲ್ಲು ಕಿರಿದು.

ಮೆಲೆನೈಟೆ ಎದ್ದು ನಿಂತಳು. ಏನು ಹೇಳಬೇಕೆಂದು ಅವಳು ಯೋಚಿಸಿರಲಿಲ್ಲ, ಕಟ್ಟಿದ ಹಂದಿಯನ್ನು ನೋಡುತ್ತಿದ್ದಂತೆ ಅದು ತಾನೇ ಬಂತು.

“ಅತ್ತಿಗೆ, ನಿಮ್ಮ ಮಕ್ಕಳು ನಮ್ಮ ಹಂದಿ ತಗೊಂಡು ಹೋಗ್ತಿದ್ದಾರೆ.”

“ಹೌದು, ಅದಕ್ಕೇನೀಗ? ಅವರ ಮಾವನ ಹಂದಿ.”

“ತಪ್ಪೇನಿಲ್ಲ. ಇಂಜಿನ್ ತಗೊಂಡಾಗಲೂ ನಾನು ಉಸಿರೆತ್ತಲಿಲ್ಲ. ಅವರು ಫಹು. ನಿಮ್ಮ ಮಡಿಲಲ್ಲಿ ಮಲಗಿರೋನೂ ಒಬ್ಬ ಫಹೂನೇ ಅಲ್ವಾ? ಅವನ ಸೋದರಮಾವ ಯಾರು?”

ಕಲೀಸಿ ಎರಡೂ ಕೈಯಿಂದ ಬಾಯಿ ಮುಚ್ಚಿಕೊಂಡಳು.

“ನನ್ನ ತಮ್ಮ ಬದುಕಿದ್ದಿದ್ರೆ ಇವನು ಅವನ ಹಂದಿ ತಗೋತಿದ್ದ, ಕುದುರೆ ತಗೋತಿದ್ದ, ತಟ್ಟೆಗೆ ಕೈ ಹಾಕಿ ತಿಂತಿದ್ದ. ಪಾಪಿ, ಅವನು ಏನೂ ಬಿಟ್ಟು ಹೋಗಲಿಲ್ಲ. ಒಂದು ಟೋಪಿ, ಒಂದು ಹೆಸರು. ಕೊಡೋ ಹಕ್ಕು ನಿಮ್ಮದು, ಇಲ್ಲ ಅಂದೋರ್ಯಾರು? ಆದ್ರೆ ತಗೊಳ್ಳೋ ಹಕ್ಕು ಇವನದ್ದು. ಇವನು ತನ್ನ ಮಾವನ ಹೆಸರು ಎತ್ಕೊಂಡಿದ್ದಾನೆ. ಬೇಡ ಅಂತ ಕಸ್ಕೊಳ್ಳಿ ನೋಡೋಣ. ಕಸ್ಕೊಂಡ್ರೆ ಆ ಹಂದೀನೂ ಇಳಿಸಿ ಹೋಗಲಿ, ಇಂಜಿನ್ನೂ ಕಳಿಸಿಕೊಡಿ!”

ವ್ಯಾನಿನ ಹತ್ತಿರ ಇದ್ದ ಇಬ್ಬರೂ ಹಂದಿಯನ್ನು ಎತ್ತಿಯೂ ಎತ್ತದೆ ಹಿಡಿದುಕೊಂಡು ನಿಂತಿದ್ದರು. ಪಾದ್ರಿ ತಮ್ಮ ಸೊಂಟದ ಚಾಪೆಯ ಹಗ್ಗ ಬಿಚ್ಚಿ ಮತ್ತೆ ಕಟ್ಟಿಕೊಂಡರು. ಮಡಿಲ ಮಗುವನ್ನು ಕೆಳಗೆ ಇಡದೆಯೇ ಸೆಲುವಾಯಾ ಎದ್ದಳು.

“ಎಷ್ಟು ಧೈರ್ಯ ನಿನಗೆ?”

“ಧೈರ್ಯ ಅಲ್ಲ ಅತ್ತಿಗೆ, ಸಂಕಟ.”

ಸೆಲುವಾಯಾ ಮಗುವನ್ನು ಕಲೀಸಿಯ ಕೈಗೆ ಕೊಟ್ಟು ಒಳಗೆ ಹೋಗಿ ಬಾಗಿಲು ಹಾಕಿಕೊಂಡಳು. ಊಟಕ್ಕೂ ಬರಲಿಲ್ಲ. ಸೊಸಾಯಾ ಬಾಗಿಲ ಹೊರಗೆ ತಟ್ಟೆ ಇಟ್ಟು, ಮುಚ್ಚಿ, ಕಾದು ಕೂತ. ಹೆಂಡತಿಯ ಕಡೆ ತಿರುಗಿ “ಅಕ್ಕನ ಮುಂದೆ ಹಾಗೆ ಅನ್ನಬಾರದಿತ್ತು” ಎಂದ.

“ನೀನು ಫೋನಿನಲ್ಲಿ ಅಂದಿದ್ರೆ ನಾನು ಅನ್ನಬೇಕಾಗಿರಲಿಲ್ಲ” ಎಂದಳು ಮೆಲೆನೈಟೆ. “ನಾಳೆ ಪಾದ್ರಿ ಮುಂದೆ ಸೆಲುರಾನ್ ಅಂದ್ರೆ ಮಗುವನ್ನ ನೀನೇ ಸಾಕು. ಹಾಲೂ ನೀನೇ ಕುಡಿಸು.”

ಬೆಳಗಾಗುವಷ್ಟರಲ್ಲಿ ಊರಿಗೆಲ್ಲ ಸುದ್ದಿ ಹರಡಿತ್ತು. ದೀಕ್ಷಾಸ್ನಾನಕ್ಕೆ ಸಾಮಾನ್ಯವಾಗಿ ಬಾರದವರೂ ಚರ್ಚಿನ ಬೆಂಚಿನಲ್ಲಿ ಒತ್ತಿಕೊಂಡು ಕೂತಿದ್ದರು. ಸೆಲುವಾಯಾ ಬಿಳಿ ಬಟ್ಟೆ ಉಟ್ಟು, ಹಳೆಯ ಸಣ್ಣೆಳೆ ಚಾಪೆಯನ್ನು ಸೊಂಟಕ್ಕೆ ಸುತ್ತಿಕೊಂಡು, ಯಾರ ಕಡೆಯೂ ನೋಡದೆ ಬಂದಳು. ಮೆಲೆನೈಟೆಯ ಕೈಯಿಂದ ಮಗುವನ್ನು ತೆಗೆದುಕೊಂಡು ಮುಂದೆ ನಡೆದಳು. ತಾಯಿಯ ಕಡೆಯವರ ಜಾಗ ಹಿಂದಿನ ಬೆಂಚು. ಮೆಲೆನೈಟೆ ಅರ್ಧ ದಾರಿಯಲ್ಲಿ ನಿಂತುಬಿಟ್ಟಳು, ಹಿಂದಕ್ಕೆ ಹೋಗಲಿಲ್ಲ.

ಸೆಲುರಾನ್ ಎಂದರೆ ಇಲ್ಲೇ ಕೂಗುತ್ತೇನೆ, ಎಂದುಕೊಂಡಳು. ಹಾಡು ನಿಂತಿತು.

“ಈ ಮಗುವಿನ ಹೆಸರೇನು?” ಎಂದು ಪಾದ್ರಿ ಕೇಳಿದರು.

“ಲಿಸಿಯಾಟೆ” ಎಂದಳು ಸೆಲುವಾಯಾ.

ಪಾದ್ರಿ ಬಗ್ಗಿ ಮೆಲ್ಲಗೆ, “ಲಿಸಿಮಾನ ಅಂತ ಅಲ್ವೇನಮ್ಮಾ?” ಎಂದರು.

“ನನ್ನ ಬಾಯಿಂದ ಬಂದದ್ದು ಕೇಳಿಸ್ಲಿಲ್ವಾ ನಿಮಗೆ? ಲಿಸಿಯಾಟೆ.” ನಂತರ ಅವಳು ತಿರುಗಿ ಮೆಲೆನೈಟೆಯನ್ನು ನೋಡಿದಳು. ಅಳುಕಿಲ್ಲದೆ, ಚರ್ಚಿಗೆಲ್ಲ ಕೇಳುವ ಹಾಗೆ ಹೇಳಿದಳು: “ಫಹು ಹಂದಿ ತಗೊಂಡು ಹೋಗ್ವಾಗ ಅರ್ಧ ಬಿಟ್ಟು ಹೋಗ್ತಾನೇನೇ? ತಗೊಂಡ್ರೆ ಇಡೀ ಹಂದಿ. ನಮ್ಮಪ್ಪನ ಹೆಸರು ಕತ್ತರಿಸಿ ಅದಕ್ಕೆ ತೇಪೆ ಹಾಕೋಕೆ ಯಾರು ಹೇಳಿದ್ರು ನಿನಗೆ? ಸತ್ತಿರೋ ಒಡಹುಟ್ಟಿದವನನ್ನ ಅರ್ಧ ಮಾಡಿ ಕೇಳಿದ್ಯಲ್ಲಾ, ನಾಚಿಕೆ ಆಗ್ಲಿಲ್ವಾ?”

ಕೂಗಬೇಕೆಂದು ಬಾಯಿ ತೆರೆದಿದ್ದ ಮೆಲೆನೈಟೆ ಹಾಗೇ ನಿಂತಳು. ಹೆಂಗಸಿನ ಸೊಕ್ಕು ನೋಡು! ಕೊಡುವುದನ್ನೂ ಬೈದೇ ಕೊಡಬೇಕು, ಊರೆಲ್ಲ ನೋಡುವಾಗಲೇ ಕೊಡಬೇಕು. ಅದಕ್ಕಿಂತ ಹೆಚ್ಚು ಉರಿದದ್ದು ಅವಳ ಮಾತು ನಿಜವಾಗಿದ್ದಕ್ಕೆ. ನ್ಯಾಯ, ಸಮಪಾಲು ಎಂದೆಲ್ಲ ತಾನು ಹೇಳಿಕೊಂಡದ್ದು ಹೆದರಿಕೆಗೆ. ಪೂರ್ತಿ ಕೇಳಿದರೆ ಕೊಡುವುದಿಲ್ಲ ಎಂದು ತಮ್ಮನನ್ನು ತಾನೇ ಕತ್ತರಿಸಿ, ಅವನ ಅರ್ಧವನ್ನು ಮಾವ ಮಾನಾಸೆಯ ಹೆಸರಿನ ಹಿಂದೆ ಬಚ್ಚಿಟ್ಟು, ಬ್ಯಾನರ್ ಕಟ್ಟಿ ಕೂತಿದ್ದಳು. ಇಷ್ಟು ತಿಂಗಳು ಯಾರ ಮೇಲೆ ಹಲ್ಲು ಕಡಿದದ್ದು ಹಾಗಾದರೆ?

ಪಾದ್ರಿ ನೀರಿನಲ್ಲಿ ಕೈ ಅದ್ದಿ, “ಲಿಸಿಯಾಟೆ” ಎಂದು ಗಟ್ಟಿಯಾಗಿ ಕರೆದರು. ಹಿಂದಿನ ಬೆಂಚಿನಿಂದ ಕಲೀಸಿಯ ಅಳು ಕೇಳಿಸಿತು. ಈ ಚರ್ಚಿನಲ್ಲಿ ಆ ಹೆಸರನ್ನು ಕೊನೆಯ ಸಲ ಕರೆದದ್ದು ಪೆಟ್ಟಿಗೆಯ ಮುಂದೆ.

ತಣ್ಣೀರು ಬಿದ್ದದ್ದೇ ಮಗು ಕಿರುಚತೊಡಗಿತು. ಸೆಲುವಾಯಾ ಎಷ್ಟು ತಟ್ಟಿದರೂ ಸುಮ್ಮನಾಗಲಿಲ್ಲ. ಕೊನೆಗೆ ಬಂದು ತಾಯಿಯ ಕೈಗೇ ಹಾಕಿದಳು.

“ತಗೋ. ಕರಿ ಅವನನ್ನ, ಸುಮ್ಮನಾಗ್ತಾನೆ.”

ಮೆಲೆನೈಟೆ ಮಗುವನ್ನು ಎದೆಗವಚಿಕೊಂಡಳು. ಕರೆಯಲು ಹೋದರೆ ಬಾಯಿಗೆ ಬಂದದ್ದು ಲಿಸಿ, ಅಷ್ಟೇ. ಮಣ್ಣು ಮಾಡಿ ಬಂದ ಮೇಲೆ ಆ ಹೆಸರನ್ನು ಅವಳು ಒಮ್ಮೆಯೂ ಪೂರ್ತಿ ಹೇಳಿರಲಿಲ್ಲ. ಊರೆಲ್ಲ ನೋಡುತ್ತಿತ್ತು, ಅತ್ತಿಗೆ ಸೊಂಟದ ಮೇಲೆ ಕೈಯಿಟ್ಟುಕೊಂಡು ಕಾಯುತ್ತಿದ್ದಳು, ಮಗು ಅಳುತ್ತಲೇ ಇತ್ತು.

“ಲಿಸಿಯಾಟೆ” ಎಂದಳು ಮೆಲೆನೈಟೆ. ಸಿಟ್ಟಿನಿಂದಲೇ ಅಂದಳು, ತಡಮಾಡಿ ಮನೆಗೆ ಬಂದ ತಮ್ಮನನ್ನು ಗದರಿಸುವ ಹಾಗೆ.