ಎಲ್ಡರ್‌ವಿಕ್‌ನಲ್ಲಿಲ್ಲದ ಬಾವಿ

ದಿನಾ ಮಧ್ಯಾಹ್ನ, ಮಸೀದಿಯ ಅಸರ್ ಬಾಂಗ್ ಮುಗಿದ ಮೇಲೆ, ನರ್ಸ್ ವೈಲೆಟ್ ತನ್ನ ಮುದುಕಿಯನ್ನು ಇಂಗ್ಲೆಂಡಿಗೆ ಕರೆದುಕೊಂಡು ಹೋಗುತ್ತಿದ್ದಳು. ವೀಸಾ ಬೇಡ, ವಿಮಾನ ಬೇಡ. ಕುವೈತಿನ ಅಹ್ಮದಿಯ ಆ ಮನೆಯ ಹಿಂದಿನ ಕೋಣೆಯಲ್ಲಿ, ಕಿಟಕಿಯ ಪಕ್ಕ ಹಾಕಿದ ಎರಡು ಕುರ್ಚಿ ಸಾಕಿತ್ತು. ಒಂದೊಂದು ಕಪ್ ಚಹಾ ಕುಡಿದು, ಮುದುಕಿಯ ಕೈಯನ್ನು ತನ್ನ ಕೈಯಲ್ಲಿ ತೆಗೆದುಕೊಂಡರೆ ಹೊರಟಂತೆಯೇ.

ಮುದುಕಿಯ ಹೆಸರು ಬೆರಿಲ್. ಎಂಬತ್ತೆರಡು ವರ್ಷ. ಎಲ್ಡರ್‌ವಿಕ್ ಎಂಬ ಹಳೆಯ ಸಂತೆಯೂರಿನಲ್ಲಿ ಹುಟ್ಟಿ, ಅಲ್ಲಿಗೆ ಓದಲು ಬಂದಿದ್ದ ಕುವೈತಿ ಹುಡುಗನನ್ನು ಮೆಚ್ಚಿ ಮದುವೆಯಾಗಿ, ಈ ಮರಳಿಗೆ ಬಂದು ಮೂರು ಮಕ್ಕಳನ್ನು ಹೆತ್ತವಳು. ಗಂಡ ತೀರಿಕೊಂಡ ಮೇಲೆ ತೈಲ ಕಂಪನಿಯಲ್ಲಿ ಇಂಜಿನಿಯರಾಗಿರುವ ಮಗನ ಜೊತೆ ಇದ್ದಳು. ಮನೆಯವರಿಗೆಲ್ಲ ಆಕೆ ಮಾಮಾ ಬೆರಿಲ್, ಅಂದರೆ ಅಮ್ಮ ಬೆರಿಲ್. ಮರೆವು ಶುರುವಾಗಿ ನಾಲ್ಕು ವರ್ಷವಾಗಿತ್ತು. ಅರಬ್ಬಿ ಮೊದಲು ಹೋಯಿತು, ಆಮೇಲೆ ಮಕ್ಕಳ ಹೆಸರು. ಉಳಿದದ್ದು ಒಂದೇ ಹಟ: "ನನ್ನನ್ನು ಮನೆಗೆ ಕಳಿಸಿ." ಬಿಸಿಲು ಇಳಿದರೆ ಸಾಕು, ಗೇಟು ಹಿಡಿದು ಅಲುಗಿಸಿ ಅಳುತ್ತಿದ್ದಳು. ಹಿಂದೆ ಇದ್ದ ಇಬ್ಬರು ನರ್ಸುಗಳು ಬೀಗ ಹಾಕಿ ನೋಡಿದರು, ಮಾತ್ರೆ ಕೊಟ್ಟು ನೋಡಿದರು, ಕೊನೆಗೆ ತಾವೇ ಗೇಟು ದಾಟಿ ಹೋದರು.

ವೈಲೆಟ್ ಬಂದ ಮೊದಲ ವಾರವೇ ಮುದುಕಿಯ ಪಕ್ಕ ಕೂತು ಇಂಗ್ಲಿಷಿನಲ್ಲಿ ಹೇಳಿದಳು: "ಹೋಗೋಣ ಮಾಮಾ. ದಾರಿ ನೀವು ಹೇಳಿ, ನಾನು ಜೊತೆಗೆ ಬರುತ್ತೇನೆ."

ಮುದುಕಿ ಹೇಳುತ್ತ ಹೋದಳು. ವೈಲೆಟ್ ನೋಟ್‌ಬುಕ್ಕಿನಲ್ಲಿ ಬರೆದುಕೊಂಡಳು. ಮುದುಕಿ ಮರೆತ ದಿನ ವೈಲೆಟ್ ಹೇಳುವಳು, ಮುದುಕಿ ಕೂತಲ್ಲೇ ನಡೆಯುವಳು. ಹೀಗೆ ಎರಡು ವರ್ಷದಲ್ಲಿ, ಉಡುಪಿಯಾಚೆಯ ಕರಾವಳಿಯ ಹೆಣ್ಣೊಬ್ಬಳಿಗೆ ತಾನು ಕಾಲಿಡದ ಒಂದು ಊರಿನ ಗಲ್ಲಿಗಲ್ಲಿಯೂ ಪರಿಚಯವಾಯಿತು.

ಮೊದಲು ಐದು ಕಮಾನಿನ ಸೇತುವೆ. ಐದನೆಯ ಕಮಾನಿನ ಕೆಳಗೆ ಮಾತಾಡಬಾರದು, ಮಾತು ನದಿಯಲ್ಲಿ ತೇಲಿಕೊಂಡು ಹೋಗಿ ಕೆಳಗಿನ ಊರಿನವರ ಕಿವಿಗೆ ಬೀಳುತ್ತದೆ. ಆಮೇಲೆ ಸಂತೆಕಟ್ಟೆ, ಎಂಟು ಕಲ್ಲಿನ ಕಂಬ, ಮಂಗಳವಾರ ಅಲ್ಲಿ ಬೆಣ್ಣೆ ಮಾರುವ ಹೆಂಗಸರು. ತೂಕದಲ್ಲಿ ಮೋಸ ಮಾಡಿದ ಒಬ್ಬಳ ನೆರಳು ಮೂರನೆಯ ಕಂಬದಲ್ಲಿ ಇನ್ನೂ ಇದೆ, ಚಳಿಗಾಲದಲ್ಲೂ ಆ ಕಂಬದ ಬುಡದಲ್ಲಿ ಬೆಣ್ಣೆ ಕರಗುತ್ತದೆ. ಊರಿನವರು ಜೋರಾಗಿ ಮಾತಾಡುವುದಕ್ಕೂ ಕಾರಣವಿದೆ: ಪ್ಲೇಗಿನ ಕಾಲದಲ್ಲಿ ಕೊಳ್ಳುವವರು ಒಂದು ಗುಡ್ಡದ ಮೇಲೆ, ಮಾರುವವರು ಇನ್ನೊಂದರ ಮೇಲೆ ನಿಂತು ವ್ಯಾಪಾರ ಮಾಡುತ್ತಿದ್ದರಂತೆ. ಪ್ಲೇಗು ಹೋಯಿತು, ಗಂಟಲು ಇಳಿಯಲಿಲ್ಲ. ಇದನ್ನು ಮುದುಕಿ ಜೋರಾಗಿಯೇ ಹೇಳುತ್ತಿದ್ದಳು.

ಅಲ್ಲಿಂದ ಕುದುರೆಗಳ ನೀರಿನ ತೊಟ್ಟಿ. ಚರ್ಚಿನ ಅಡಿಯಿಂದ ಒಂದು ಸುರಂಗವಿತ್ತು. ಬೇಕರಿಯವನ ಹೆಂಡತಿ, ಒಳಗೆ ಅಡಗಿದ್ದ ಯಾರಿಗೋ ಬಿಸಿ ಬ್ರೆಡ್ ಕೊಡಲು ಅದರೊಳಗೆ ಹೋದಳು. ನೆಲಹಾಸಿನ ಕಲ್ಲುಗಳ ಸಂದಿಯಿಂದ ಏಳುವ ಬ್ರೆಡ್ಡಿನ ಘಮ ಹಿಡಿದು ಜನ ನೆಲದ ಮೇಲಿನಿಂದಲೇ ಅವಳ ಹಿಂದೆ ನಡೆದರು. ತೊಟ್ಟಿಯ ಹತ್ತಿರ ಘಮ ನಿಂತಿತು. ಅವಳು ಮತ್ತೆ ಬರಲಿಲ್ಲ.

"ಈಗಲೂ ಬರುತ್ತದೆ ಘಮ," ಎನ್ನುತ್ತಿದ್ದಳು ಮುದುಕಿ, ಕಣ್ಣು ಮುಚ್ಚಿ. ವೈಲೆಟಳಿಗೂ ಬರುತ್ತಿತ್ತು. ಅಡುಗೆಮನೆಯಲ್ಲಿ ಖುಬ್ಸ್ ರೊಟ್ಟಿ ಬಿಸಿ ಮಾಡುತ್ತಿದ್ದರೆಂದು ಅನುಮಾನಿಸುವ ಜಾತಿಯವಳಲ್ಲ ಅವಳು.

ಆಮೇಲೆ ಚರ್ಚಿನ ಓಣಿ, ಗೋಡೆಯಲ್ಲಿ ದನ ಕಟ್ಟುವ ಕಬ್ಬಿಣದ ಬಳೆಗಳು. ಓಣಿಯ ಕೊನೆಗೆ ಬಂದರೆ ಮುದುಕಿ ನಿಂತುಬಿಡುವಳು. "ಮುಂದೆ? ಮುಂದೆ ಏನು?" ಎಂದು ತುಟಿ ಅದುರುತ್ತಿತ್ತು. ಅಷ್ಟು ದೂರ ಬಂದು ಮನೆ ಸಿಗಲಿಲ್ಲವೆಂದು ಮಗುವಿನಂತೆ ಅಳುವಳು. ನೋಟ್‌ಬುಕ್ಕಿನಲ್ಲೂ ಅಲ್ಲಿಂದ ಮುಂದೆ ಖಾಲಿ ಹಾಳೆ.

ಒಂದು ದಿನ ತಡೆಯಲಾರದೆ ವೈಲೆಟ್ ಹೇಳಿಬಿಟ್ಟಳು: "ಮುಂದೆ ಒಂದು ಬಾವಿ ಇದೆ ಮಾಮಾ. ಮೂರು ಮೆಟ್ಟಿಲಿನ ಕಟ್ಟೆ, ಪಕ್ಕದಲ್ಲಿ ಸೇಬಿನ ಮರ. ಹಗ್ಗ ಉಜ್ಜಿ ಉಜ್ಜಿ ಕಲ್ಲು ಸವೆದಿದೆ. ಚಪ್ಪಲಿ ಕೆಳಗೆ ಬಿಟ್ಟು ಹತ್ತಬೇಕು. ಬಗ್ಗಿ ನಿಮ್ಮ ಹೆಸರು ಕೂಗಿದರೆ, ಬಾವಿ ಅದನ್ನು ನಿಮ್ಮ ಅಮ್ಮನ ಧ್ವನಿಯಲ್ಲಿ ಹಿಂದೆ ಕೊಡುತ್ತದೆ. ಬೆರಿಲ್... ಬಾಯೆ... ಅಂತ."

'ಬಾಯೆ' ಎಂದರೆ ಕೊಂಕಣಿಯಲ್ಲಿ ಮಗಳನ್ನು ಮುದ್ದಿನಿಂದ ಕರೆಯುವುದು. ಅದು ಬಾಯಿ ತಪ್ಪಿ ಬಂತು. ಬಾವಿಯೂ ಅಷ್ಟೇ. ವೈಲೆಟಳ ಅಮ್ಮನ ಮನೆಯ ಹಿತ್ತಲಿನ ಬಾವಿ ಅದು. ಬಾವಿಯ ಪಕ್ಕದ ಬಿಂಬಳಿ ಮರವನ್ನು ಮಾತ್ರ ಜಾಣತನದಿಂದ ಸೇಬಿನ ಮರ ಮಾಡಿದ್ದಳು.

ಮುದುಕಿ ಸುಮ್ಮನೆ ಅವಳನ್ನೇ ನೋಡಿದಳು. ಆಮೇಲೆ ಬಗ್ಗಿ ಕಾಲಿನ ಸ್ಲಿಪ್ಪರ್ ಒಂದೊಂದಾಗಿ ಕಳಚಿಟ್ಟಳು. ಅಂದಿನಿಂದ ಗೇಟಿನ ಕಡೆ ತಲೆ ಹಾಕಲಿಲ್ಲ. ಖಾಲಿ ಹಾಳೆಯಲ್ಲಿ ವೈಲೆಟ್ ಬಾವಿಯನ್ನೂ ಬರೆದಿಟ್ಟಳು. ದಿನಾ ಓಣಿ ಮುಗಿದೊಡನೆ ಸ್ಲಿಪ್ಪರ್ ಕಳಚುವಳು, ಇಬ್ಬರೂ ಬಾವಿಕಟ್ಟೆಯಲ್ಲಿ ಸ್ವಲ್ಪ ಹೊತ್ತು ಕೂತು ಹಿಂದಿರುಗುವರು.

ವೈಲೆಟಳಿಗೆ ಆ ಸ್ವಲ್ಪ ಹೊತ್ತೇ ಇಡೀ ದಿನದ ಸಂಪಾದನೆ. ಅಮ್ಮ ತೀರಿಕೊಂಡಾಗ ಅವಳ ಇಕಾಮಾ, ಅಂದರೆ ಕುವೈತಿನ ವಾಸದ ಪರವಾನಗಿ, ನವೀಕರಣಕ್ಕೆ ಹೋಗಿತ್ತು, ಊರಿಗೆ ಹೋಗಲಾಗಲಿಲ್ಲ. ಮರುವರ್ಷ ಅವಳ ತಮ್ಮ ಆ ಮನೆ ಮಾರಿದ. ಕೊಂಡವರು ಕಾರು ನಿಲ್ಲಿಸಲು ಜಾಗ ಬೇಕೆಂದು ಬಾವಿಗೆ ಮಣ್ಣು ತುಂಬಿದರಂತೆ. ಆಮೇಲೆ ಅವಳು ರಜೆಯಲ್ಲೂ ಊರಿಗೆ ಹೋಗಿಲ್ಲ. ಹೋಗಿ ಎಲ್ಲಿ ನಿಲ್ಲುವುದು?

ಹೀಗಿರುವಾಗ ಮೊಮ್ಮಗಳು ಲುಲ್ವಾ ಓದಲು ಇಂಗ್ಲೆಂಡಿಗೆ ಹೋದಳು. ಹೋಗುವ ಮುಂಚೆ ವೈಲೆಟಳ ನೋಟ್‌ಬುಕ್ಕಿನ ಪುಟಗಳ ಫೋಟೋ ತೆಗೆದುಕೊಂಡಿದ್ದಳು. ಒಂದು ಬುಧವಾರ ಫೋನ್ ಮಾಡಿದಳು: "ಸಿಸ್ಟರ್, ನಾಳೆ ಎಲ್ಡರ್‌ವಿಕ್‌ಗೆ ಹೋಗ್ತೇನೆ. ನಿಮ್ಮ ಹೊತ್ತಿಗೇ ವಿಡಿಯೋ ಕಾಲ್. ಮಾಮಾಗೆ ಎಲ್ಲಾ ತೋರಿಸ್ತೇನೆ, ಕೊನೆಗೆ ಆ ಬಾವಿ. ನನಗೆ ನೋಡಬೇಕಾದ್ದೇ ಅದು!"

ವೈಲೆಟ್ ಫೋನ್ ಇಟ್ಟವಳೇ ಅಂಗಳಕ್ಕೆ ಬಂದಳು. ಹೊರಗೆ ಮನೆಯ ಡ್ರೈವರ್ ಸಿದ್ದಲಿಂಗೇಶ ಕಾರು ಒರೆಸುತ್ತಿದ್ದ, ವಿಜಯಪುರದ ಕಡೆಯವನು. ಆ ಮನೆಯಲ್ಲಿ ಅವಳಿಗೆ ಕನ್ನಡ ಮಾತಾಡಲು ಸಿಗುವವನು ಅವನೊಬ್ಬನೇ. ಎಲ್ಲ ಹೇಳಿದಳು.

"ಅಲ್ರೀ ಸಿಸ್ಟರ್, ಇಲ್ಲದ ಬಾವಿ ಯಾಕ ತೋಡಿದ್ರಿ?" ಎಂದ ಅವನು, ಬಟ್ಟೆ ಹಿಂಡುತ್ತ.

"ಎಂತ ಮಾಡುದು ಮಾರಾಯ್ರೆ, ಮಾಮಾ ಅಳ್ತಾ ಇದ್ರು. ಬಾಯಿಗೆ ಬಂದದ್ದು ಹೇಳಿದೆ."

"ಹಂಗಾರ ಆ ಹುಡುಗಿಗೆ ಫೋನ್ ಹಚ್ಚಿ ಖರೇ ಹೇಳಿಬಿಡ್ರಿ. ಖಲಾಸ್. ನಿಮ್ಮನ್ನ ಬಿಟ್ರ ಆ ಮುದುಕಮ್ಮನ್ನ ಯಾರ್ ನೋಡ್ಕೋತಾರ? ಕೆಲಸಕ್ಕೇನೂ ಆಗಂಗಿಲ್ಲ."

"ಕೆಲಸದ್ದಲ್ಲ ಹೆದರಿಕೆ. ಬಾವಿ ಇಲ್ಲ ಅಂತ ಕಣ್ಣಾರೆ ಕಂಡ್ರೆ ಮಾಮಾ ಪುನಃ ಗೇಟಿಗೆ ಹೋಗ್ತಾರೆ. ಮತ್ತೆ ನಾನು ಹೇಳಿದ ಒಂದು ಮಾತೂ ನಂಬುದಿಲ್ಲ."

ಇನ್ನೊಂದು ಹೆದರಿಕೆಯನ್ನು ಅವಳು ಅವನಿಗೆ ಹೇಳಲಿಲ್ಲ. ಜಗತ್ತಿನಲ್ಲಿ ಆ ಬಾವಿ ಉಳಿದಿರುವುದು ಆ ಎರಡು ಕುರ್ಚಿಗಳ ನಡುವೆ ಮಾತ್ರ, ನಾಳೆ ಅದೂ ಮುಚ್ಚಿಹೋಗುತ್ತದೆ. ಲುಲ್ವಾಳಿಗೆ ಮೂರು ಸಲ ಸಂದೇಶ ಬರೆದಳು, ಮೂರು ಸಲ ಅಳಿಸಿದಳು.

ಗುರುವಾರ ಬಾಂಗ್ ಮುಗಿಯಿತು, ಫೋನ್ ಬಂತು. ಪರದೆಯಲ್ಲಿ ತೆಳು ಬಿಸಿಲು, ಒದ್ದೆ ರಸ್ತೆ. ಸೇತುವೆಗೆ ಐದು ಕಮಾನು ಇದ್ದೇ ಇತ್ತು. ಮುದುಕಿ ತುಟಿಯ ಮೇಲೆ ಬೆರಳಿಟ್ಟು ಮೊಮ್ಮಗಳನ್ನು ಸುಮ್ಮನಿರಿಸಿದಳು. ಸಂತೆಕಟ್ಟೆಯ ಪಕ್ಕ ಮೊಬೈಲ್ ಅಂಗಡಿ, ಮೂರನೆಯ ಕಂಬದಲ್ಲಿ ಕಪ್ಪು ಕಲೆ. ತೊಟ್ಟಿಯಲ್ಲಿ ಹೂವು ನೆಟ್ಟಿದ್ದರು. "ಮಾಮಾ, ನಿಜವಾಗ್ಲೂ ಬ್ರೆಡ್ ವಾಸನೆ!" ಎಂದು ಲುಲ್ವಾ ಕಿರುಚಿದಳು, ಮುದುಕಿ ರಾಣಿಯಂತೆ ತಲೆಯಾಡಿಸಿದಳು. ಓಣಿಯ ಗೋಡೆಯಲ್ಲಿ ಬಳೆಗಳೂ ಇದ್ದವು. ವೈಲೆಟ್ ಅವನ್ನು ನೋಡುತ್ತಲೇ ಜಪಮಣಿ ಹುಡುಕಿ ಜೇಬಿಗೆ ಕೈಹಾಕಿದಳು.

ಓಣಿ ಮುಗಿಯಿತು. ಮುಂದೆ ಕಾರುಗಳು ಸಾಲಾಗಿ ನಿಂತಿದ್ದವು.

"ಇಲ್ಲಿ ಪಾರ್ಕಿಂಗ್ ಇದೆ, ಅಷ್ಟೇ," ಲುಲ್ವಾಳ ಧ್ವನಿ ತಗ್ಗಿತು. "ಇಲ್ಲೊಬ್ಬ ಅಜ್ಜನನ್ನು ಕೇಳಿದೆ. ಇಲ್ಲಿ ಯಾವತ್ತೂ ಬಾವಿ ಇರಲೇ ಇಲ್ಲ ಅಂತಾರೆ. ಸಿಸ್ಟರ್? ನೀವು ಸರಿಯಾಗಿ ಬರೆದುಕೊಂಡಿದ್ದೀರಲ್ಲ?"

"ಲುಲ್ವಾ, ಬಾವಿ..." ಎಂದಳು ವೈಲೆಟ್. "ಬಾವಿ ನಾನು ಸೇರಿಸಿದ್ದು. ತಪ್ಪಾಯಿತು."

ಮುದುಕಿ ಬಗ್ಗಿ ಎಡಗಾಲಿನ ಸ್ಲಿಪ್ಪರ್ ಕಳಚಿದಳು, ಆಮೇಲೆ ಬಲಗಾಲಿನದು.

"ಮಾಮಾ ಯಾಕೆ ಚಪ್ಪಲಿ ಬಿಡ್ತಿದ್ದಾರೆ?" ಎಂದಳು ಲುಲ್ವಾ.

ಮುದುಕಿ ನಕ್ಕಳು. ಆ ದಿನ ಆಕೆಯ ಕಣ್ಣು ತಿಳಿಯಾಗಿತ್ತು. "ಅಲ್ಲಿ ನಮ್ಮ ಮನೆ ಇತ್ತು, ಮಗು. ನಾನು ಇಲ್ಲಿಗೆ ಬಂದ ಮೇಲೆ ಕೆಡವಿದರು. ಬಾವಿ ಎಲ್ಲಿಂದ ಬರಬೇಕು? ಎಲ್ಡರ್‌ವಿಕ್‌ನಲ್ಲಿ ಯಾರಾದರೂ ಬಾವಿಯ ಮುಂದೆ ಚಪ್ಪಲಿ ಬಿಡುತ್ತಾರೆಯೇ? ಮೊದಲ ದಿನವೇ ಗೊತ್ತಾಯಿತು, ಅದು ಇವಳ ಊರಿನದು ಎಂದು." ವೈಲೆಟಳ ಕೈಯನ್ನು ತಟ್ಟಿದಳು. "ಈ ಹುಡುಗಿ ದಿನಾ ನನ್ನನ್ನು ಮನೆಯವರೆಗೆ ಬಿಡಲು ಬರುತ್ತಾಳೆ. ಆಮೇಲೆ ಒಬ್ಬಳೇ ಹೇಗೆ ಹೋಗುತ್ತಾಳೆ, ಪಾಪ. ಅದಕ್ಕೇ ನಾನು ಅವಳನ್ನು ಅವಳ ಬಾವಿಯವರೆಗೆ ಬಿಟ್ಟು ಬರುತ್ತೇನೆ."

ಲುಲ್ವಾ ಫೋನನ್ನು ಓಣಿಯ ಗೋಡೆಗೆ ಒರಗಿಸಿಟ್ಟಳು. "ಹೋಗಿ ಬನ್ನಿ ಸಿಸ್ಟರ್. ನಾನು ಇಲ್ಲೇ ಇರ್ತೇನೆ."

ಇಷ್ಟು ದಿನ ವೈಲೆಟ್ ಮುದುಕಿಯ ಸ್ಲಿಪ್ಪರುಗಳನ್ನಷ್ಟೇ ಎತ್ತಿಟ್ಟಿದ್ದಳು. ತನ್ನ ಬಿಳಿ ಶೂ ಬಿಚ್ಚಿರಲಿಲ್ಲ, ಡ್ಯೂಟಿಯಲ್ಲಿ ಬಿಚ್ಚುವಂತಿಲ್ಲ. ಈಗ ಲೇಸು ಸಡಿಲಿಸಿ ಶೂ ಕಳಚಿ, ಮುದುಕಿಯ ಸ್ಲಿಪ್ಪರಿನ ಪಕ್ಕ ಇಟ್ಟಳು. ಅಳು ಬರುತ್ತಿತ್ತು, ತಡೆಯಲಿಲ್ಲ.

ಇಬ್ಬರೂ ಮೂರು ಮೆಟ್ಟಿಲು ಹತ್ತಿದರು. ಮುದುಕಿ ಕುರ್ಚಿಯಲ್ಲೇ ಮುಂದೆ ಬಗ್ಗಿ, ಬರಿಯ ನೆಲದ ಕಡೆಗೆ, ತನ್ನೂರಿನ ಆ ಜೋರು ಗಂಟಲಿನಲ್ಲಿ ಕೂಗಿದಳು:

"ವೈಲೆಟ್... ಬಾಯೆ..."

ವೈಲೆಟ್ ಕೊಂಕಣಿಯಲ್ಲಿ, ಬಂದೆ, ಎಂದಳು.