ನನ್ನ ನಾಲಿಗೆ ನಂಬಿ ಉಣಿಸಿದ ಗಂಜಿ

ಮೊಮ್ಮಗ ನಾರ್ಟೆಗೆ ಎಂಟು ತಿಂಗಳು. ಅವನಮ್ಮ, ಅಂದರೆ ನನ್ನ ಸೊಸೆ ಮಾಕು, ಬೆಳಗಾದರೆ ಸೊಂಗೊರ್ ಹಿನ್ನೀರಿಗೆ ಇಳಿದು ಉಪ್ಪು ಬಾಚುತ್ತಾಳೆ. ನಲವತ್ತು ವರ್ಷ ಅದೇ ಕೆಲಸ ಮಾಡಿ ಸೊಂಟ ಬಿದ್ದುಹೋದ ನಾನು ಮನೆಯಲ್ಲಿ ಕೂಸಿಗೆ ಮೆಕ್ಕೆಜೋಳದ ಹುಳಿಗಂಜಿ ಉಣಿಸುತ್ತಿದ್ದೆ. ವರ್ಷ ತುಂಬುವವರೆಗೆ ಗಂಜಿಗೆ ಉಪ್ಪು ಬೇಡ, ಕೂಸಿನ ಎಳೆ ಮೂತ್ರಪಿಂಡ ತಡೆಯುವುದಿಲ್ಲ ಎಂದು ಕ್ಲಿನಿಕ್ಕಿನ ನರ್ಸ್ ಮೊದಲೇ ಹೇಳಿದ್ದಳು. ಉಪ್ಪಿನ ದಡದಲ್ಲಿ ಹುಟ್ಟಿದವನಿಗೆ ಸಪ್ಪೆ ಗಂಜಿಯೇ ಎಂದು ನಾನು ಮೂಗು ಮುರಿದಿದ್ದೆ. ನೆಕ್ಕಿ ನೋಡುತ್ತಿದ್ದೆ, ಸಪ್ಪೆ ಅನಿಸುತ್ತಿತ್ತು, ಒಂದು ಚಿಟಿಕೆ ಹಾಕುತ್ತಿದ್ದೆ. ಮತ್ತೆ ನೆಕ್ಕಿದರೂ ಸಪ್ಪೆಯೇ. ಇನ್ನೊಂದು ಚಿಟಿಕೆ.

ಮೂರನೇ ವಾರಕ್ಕೆ ಮಗು ರಚ್ಚೆ ಹಿಡಿಯಿತು. ಎಷ್ಟು ಹಾಲು ಕುಡಿದರೂ ದಾಹ, ಕುಡಿದದ್ದೆಲ್ಲ ವಾಂತಿ. ಕ್ಲಿನಿಕ್ಕಿಗೆ ಒಯ್ದೆವು. ಗಂಜಿಗೆ ಏನು ಹಾಕುತ್ತೀರಿ ಎಂದು ನರ್ಸ್ ಕೇಳಿದಾಗ ಏನೂ ಇಲ್ಲ ಎಂದೆ. ಅಷ್ಟು ಸಲೀಸಾಗಿ ಸುಳ್ಳು ಬರುತ್ತದೆಂದು ನನಗೇ ಗೊತ್ತಿರಲಿಲ್ಲ. ಅವಳು ಔಷಧಿ ಕೊಟ್ಟು, ಕಡಿಮೆಯಾಗದಿದ್ದರೆ ನಾಳೆಯೇ ಬನ್ನಿ ಎಂದಳು.

ದಿನವಿಡೀ ಬಿಸಿಲಲ್ಲಿ ನಿಂತವಳ ಹಾಲು ಎದೆಯಲ್ಲೇ ಕೆಡುತ್ತದೆ ಎಂಬ ಮಾತು ನಮ್ಮಲ್ಲಿದೆ. ಮಾಕು ಅದನ್ನು ನಂಬಿ ತಪ್ಪೆಲ್ಲ ತನ್ನ ಮೇಲೆ ಎಳೆದುಕೊಂಡಳು. ಹಿತ್ತಿಲಲ್ಲಿ ಕೂತು ಹಾಲನ್ನು ಹಿಂಡಿ ಹಿಂಡಿ ಮಣ್ಣಿಗೆ ಚೆಲ್ಲುತ್ತಿದ್ದಳು. ಒಳಗೆ ಮಗು ಅದೇ ಹಾಲಿಗಾಗಿ ಅಳುತ್ತಿತ್ತು. ಆದರೂ ಸೊಸೆಯ ಮುಂದೆ ಬಾಯಿ ಬಿಡಲು ನನಗೆ ಅರ್ಧ ಗಂಟೆ ಹಿಡಿಯಿತು, ಅಂಥ ಹೇಡಿ ನಾನು.

“ನಿನ್ನ ಹಾಲು ಕೆಟ್ಟಿಲ್ಲ ಕಣೆ. ನಾನೇ ಗಂಜಿಗೆ ಉಪ್ಪು ಹಾಕ್ತಿದ್ದೆ, ದಿನಾ.”

ಎಷ್ಟು ಎಂದು ಕೇಳಿದಳು. ನಾಲಿಗೆಗೆ ಗೊತ್ತಾಗುವಷ್ಟು ಮಾತ್ರ ಎಂದೆ. ಅವಳು ಬೆಳಗಿನ ಗಂಜಿಯ ಪಾತ್ರೆ ತಂದು ಒಂದು ಚಮಚ ಬಾಯಿಗಿಟ್ಟವಳೇ ಉಗಿದುಬಿಟ್ಟಳು. ನಂಬದೆ ನಾನೂ ತಿಂದು ನೋಡಿದೆ.

“ಸಪ್ಪೆ ಇದೆಯಲ್ಲೇ,” ಎಂದೆ.

ಮಾಕು ನನ್ನ ಮುಖವನ್ನೇ ನೋಡಿದಳು. ನಲವತ್ತು ವರ್ಷದ ಉಪ್ಪು ನನ್ನ ನಾಲಿಗೆಯನ್ನು ತಿಂದುಹಾಕಿದೆ ಎಂದು ಇಬ್ಬರಿಗೂ ಒಟ್ಟಿಗೆ ತಿಳಿಯಿತು. ನಿಂತ ಕಾಲಲ್ಲೇ ಕ್ಲಿನಿಕ್ಕಿಗೆ ಓಡಿದೆವು. ಈ ಸಲ ನರ್ಸ್ ಕೇಳುವ ಮೊದಲೇ ನಾನು ಎಲ್ಲ ಹೇಳಿದೆ. ಅಲ್ಲಿಂದ ದೊಡ್ಡಾಸ್ಪತ್ರೆಗೆ ಕಳಿಸಿದರು. ನಾಲ್ಕು ದಿನ ಮಲಗಿಸಿಕೊಂಡರು. ಮಗು ಉಳಿಯಿತು.

ಮನೆಗೆ ಬಂದ ಮರುದಿನ ಮಾಕು ಬುಟ್ಟಿ ಎತ್ತಿಕೊಳ್ಳುವ ಮೊದಲು ಮಗುವನ್ನು ಬೆನ್ನಿಗೆ ಕಟ್ಟಿಕೊಂಡಳು. ಆ ಬಿಸಿಲಿಗೆ, ಆ ಉಪ್ಪುನೀರಿಗೆ ಎಳೆಗೂಸನ್ನು ಯಾರೂ ಒಯ್ಯುವುದಿಲ್ಲ. ಇಲ್ಲೇ ಬಿಟ್ಟು ಹೋಗು ಎನ್ನಲು ಬಾಯಿ ತೆರೆದೆ.

“ಪರವಾಗಿಲ್ಲ ಅತ್ತೆ,” ಎಂದಳು ಮೆತ್ತಗೆ. “ನೀವು ಸುಧಾರಿಸ್ಕೊಳ್ಳಿ.”

ಬೈದಿದ್ದರೆ ತಿರುಗಿ ಬೈಯುತ್ತಿದ್ದೆ. ಮಗು ಅವಳ ಬೆನ್ನಿನಿಂದ ನನ್ನ ಕಡೆ ಎರಡೂ ಕೈ ಚಾಚಿತು. ನಾನು ಕೈ ಮುಂದೆ ಮಾಡಲಿಲ್ಲ.