ಅಮ್ಮನ ಕಣ್ಣಿನ ಪಟ್ಟಿ

ನಮ್ಮ ಕನ್ನಡಕದ ಅಂಗಡಿಯಲ್ಲಿ ವ್ಯಾಪಾರಕ್ಕಿಂತ ವೇದಾಂತ ಜಾಸ್ತಿ. ಗಾಜು ಉಜ್ಜುವ ಮೇಜಿನ ಹಿಂದೆ ಅಪ್ಪ ಕೂರುತ್ತಾರೆ. ಅವರದು ಅದ್ವೈತ, ಜೀವವೂ ದೇವರೂ ಒಂದೇ ಎನ್ನುವ ಪಕ್ಷ. ಎದುರಿನ ಕುರ್ಚಿಯಲ್ಲಿ ಅಮ್ಮನ ಅಣ್ಣ, ಶಾಲೆಯಲ್ಲಿ ಲೆಕ್ಕ ಹೇಳಿಕೊಟ್ಟು ನಿವೃತ್ತರಾದ ನಮ್ಮ ಮಾವ. ಅವರದು ದ್ವೈತ, ಜೀವ ಬೇರೆ, ದೇವರು ಬೇರೆ. ಎತ್ತು ಏರಿಗೆಳೆದರೆ ಕೋಣ ನೀರಿಗೆ. ಒಬ್ಬರನ್ನೊಬ್ಬರು ಭಾವ ಭಾವ ಎನ್ನುತ್ತಲೇ ಜಗಳವಾಡುತ್ತಾರೆ. ನಡುವೆ ಗಿರಾಕಿಗಳ ಕಣ್ಣು ಪರೀಕ್ಷೆ ಮಾಡುವ ಪಾಪಿ ನಾನು. ಗೋಡೆಯ ಅಕ್ಷರ ಓದಲು ಬಂದವರು ಮಾಯೆ ಅಂದರೇನೆಂದು ಕೇಳಿಕೊಂಡು ಹೋದದ್ದೂ ಉಂಟು.

ಅಮ್ಮನ ಎರಡೂ ಕಣ್ಣಿಗೆ ಪೊರೆ ಬಂದು ಲೋಕವೆಲ್ಲ ಹೊಗೆಯಾಗಿತ್ತು. ಹೆದರಿ ಹೆದರಿ ವರ್ಷಗಳನ್ನೇ ತಳ್ಳಿ, ಕೊನೆಗೆ ಒಂದು ಕಣ್ಣಿಗೆ ಆಪರೇಷನ್ ಮಾಡಿಸಿಕೊಂಡಳು. ಮಾರನೆಯ ದಿನ ಪಟ್ಟಿ ತೆಗೆಯಬಹುದು ಎಂದರು ಡಾಕ್ಟರು. ಆದರೆ ಅಮ್ಮನದು ಒಂದೇ ಹಟ.

“ಈ ಕಣ್ಣು ಮೊದಲು ದೇವರನ್ನ ನೋಡ್ಬೇಕು. ಅಲ್ಲೀವರೆಗೂ ಪಟ್ಟಿ ಮುಟ್ಟಬೇಡ. ಇಷ್ಟು ದಿನ ದೀಪದ ಬೆಳಕು ಎಲ್ಲಿದೆಯೋ ಆ ಕಡೆ ಕೈ ಮುಗಿದು ಬರ್ತಿದ್ದೆ. ಅವನ ಮುಖಾನೇ ಮರ್ತುಹೋಗಿದೆ ಕಣೇ.”

ಜನ್ಮದಲ್ಲಿ ನಮ್ಮ ಹತ್ತಿರ ಏನನ್ನೂ ಕೇಳಿದವಳಲ್ಲ. ಮಾರನೆಯ ದಿನ ಪಟ್ಟಿಯ ಸಮೇತ ಅವಳನ್ನು ಕಾರು ಹತ್ತಿಸಿದೆ, ಅಪ್ಪ, ಮಾವನೂ ಹತ್ತಿದರು.

ಗುಡಿಯ ಮುಂದೆ ಮೂವರನ್ನೂ ಇಳಿಸಿ, “ಬಾಗಿಲು ಹಾಕೋ ಹೊತ್ತಾಯ್ತು, ಬೇಗ ಒಳಗೆ ಹೋಗಿ, ಕಾರು ನಿಲ್ಲಿಸಿ ಬರ್ತೀನಿ” ಎಂದೆ. ಯಾರಿಗೆ ಹೇಳಿದೆ ನೋಡಿ.

“ಇಷ್ಟಕ್ಕೂ ಒಳಗೇ ಯಾಕೆ ಹೋಗ್ಬೇಕು? ನೋಡೋದೂ ಅದೇ, ಕಾಣೋದೂ ಅದೇ,” ಎಂದರಂತೆ ಅಪ್ಪ, ಚಪ್ಪಲಿ ಬಿಡುತ್ತಾ.

“ಎಲ್ಲ ಒಂದೇ ಆದ್ರೆ ಚಪ್ಪಲಿ ಯಾಕೆ ಬಿಡ್ತೀರಿ ಭಾವ? ಹಾಕ್ಕೊಂಡೇ ಬನ್ನಿ,” ಎಂದರಂತೆ ಮಾವ.

ಒಂದು ಚಪ್ಪಲಿ ಕಾಲಲ್ಲಿ, ಇನ್ನೊಂದು ಕೈಯಲ್ಲಿ ಹಿಡಿದು ಅಪ್ಪ ಉತ್ತರ ಕೊಡಲು ನಿಂತರು. ಅಮ್ಮ ಇಬ್ಬರ ನಡುವೆ ಸಿಕ್ಕಿಕೊಂಡಳು. ನಾನು ಬರುವಷ್ಟರಲ್ಲಿ ಅರ್ಚಕರು ಬೀಗ ಹಾಕಿ ಊಟಕ್ಕೆ ಹೋಗಿಯಾಗಿತ್ತು. ಇನ್ನು ಬಾಗಿಲು ತೆಗೆಯುವುದು ಸಂಜೆಗೆ.

ನನಗೆ ಮೈಯೆಲ್ಲ ಉರಿದುಹೋಯಿತು. “ಒಂದೋ ಎರಡೋ ಅಂತ ಆಮೇಲೆ ಲೆಕ್ಕ ಹಾಕ್ಬಹುದಿತ್ತು. ಅವಳು ಬಾಯಿಬಿಟ್ಟು ಕೇಳಿದ್ದು ಇದೊಂದೇ. ಅದಕ್ಕೂ ಇಬ್ಬರೂ ಸೇರಿ ಕಲ್ಲು ಹಾಕಿದ್ರಲ್ಲ.”

ಅಮ್ಮ ಮಾತ್ರ ಬೈಯಲಿಲ್ಲ. “ಸಂಜೆವರೆಗೂ ಪಟ್ಟಿ ಇರ್ಲಿ ಬಿಡು” ಎಂದಳು. ಅಂಗಡಿಗೆ ಬಂದು ಬೆಂಚಿನ ಮೇಲೆ ಕೂತಳು. ಗಂಡಸರಿಬ್ಬರೂ ಇಂಗು ತಿಂದ ಮಂಗನ ಹಾಗೆ ತಂತಮ್ಮ ಜಾಗ ಹಿಡಿದರು. ಅಪ್ಪ ಗಾಜು ಉಜ್ಜಲಿಲ್ಲ, ಮಾವ ಕೆಮ್ಮಲೂ ಇಲ್ಲ. ನಾನು ಹುಟ್ಟಿದಾಗಿನಿಂದ ಆ ಅಂಗಡಿ ಅಷ್ಟು ಸದ್ದಿಲ್ಲದೆ ಇದ್ದದ್ದಿಲ್ಲ.

ಅಮ್ಮ ಕೂತಲ್ಲೇ ಮಿಸುಕಾಡಿದಳು. “ರೀ” ಎಂದಳು. ನಾಚಿಕೆಗೆ ಅಪ್ಪನ ಬಾಯಿಂದ ಮಾತೇ ಹೊರಡಲಿಲ್ಲ. “ಅಣ್ಣಾ?” ಮಾವನೂ ತಲೆ ತಗ್ಗಿಸಿಯೇ ಇದ್ದರು.

“ಏನಾಯ್ತೇ ಇವರಿಬ್ಬರಿಗೂ?” ಎಂದವಳೇ, ನಾನು ಮೇಜು ಸುತ್ತಿ ಬರುವ ಮೊದಲೇ ಪಟ್ಟಿ ಕಿತ್ತುಬಿಟ್ಟಳು.

ಅಪ್ಪನನ್ನು ನೋಡಿದಳು, ಮಾವನನ್ನು ನೋಡಿದಳು, ಮತ್ತೆ ಅಪ್ಪನನ್ನು ನೋಡಿದಳು. “ನಿಮ್ಮ ಕೂದಲೆಲ್ಲ ಎಲ್ಲಿ ಹೋಯ್ತು?” ಎಂದು ಅಪ್ಪನ ಬೋಳುತಲೆ ಸವರಿ ನಗತೊಡಗಿದಳು. ಅಪ್ಪ ಅತ್ತೇಬಿಟ್ಟರು. ಸುಳ್ಳೇಕೆ, ನಾನೂ ಅತ್ತೆ.

ಕಣ್ಣೊರೆಸಿಕೊಂಡದ್ದೇ ತಡ, ಅಪ್ಪ ಶುರುಮಾಡಿದರು. “ನೋಡಿದ್ರಾ ಭಾವ, ಅವಳಿಗೆ ಮೊದಲು ಕಂಡ ದೇವರು ನಾವೇ. ಎಲ್ಲ ಒಂದೇ.”

“ಮತ್ತೆ ಸಂಜೆ ಗುಡಿಗೆ ಯಾಕೆ ಹೋಗ್ತಾಳೆ? ಇಲ್ಲೊಂದು, ಅಲ್ಲೊಂದು. ಕೂಡಿದ್ರೆ ಎರಡು.”

ಅಮ್ಮ ಹಾಯಾಗಿ ಬೆಂಚಿಗೆ ಒರಗಿದಳು.

ಸಂಜೆ ಆ ಇಬ್ಬರನ್ನೂ ಬಿಟ್ಟು, ನಾನೇ ಅವಳನ್ನು ಕರೆದುಕೊಂಡು ಹೋದೆ. ಕಪ್ಪು ಕನ್ನಡಕ ತೆಗೆದು ಗರ್ಭಗುಡಿಯ ಮುಂದೆ ಬಹಳ ಹೊತ್ತು ರೆಪ್ಪೆ ಬಡಿಯದೆ ನಿಂತಿದ್ದಳು. ಬರುವಾಗ, “ಏನು ಬೇಡ್ಕೊಂಡೆ?” ಎಂದು ಕೇಳಿದೆ.

“ಬೇಡೋದೇನು, ಸ್ವಲ್ಪ ತಡ ಆಯ್ತಪ್ಪ ಅಂದೆ. ನಂಗೆ ಕಾಣದೇ ಇದ್ದಾಗ್ಲೂ ನೀನು ನನ್ನ ನೋಡ್ತಾನೇ ಇದ್ದೆ, ನಿನಗೆ ಬೇಜಾರಿಲ್ಲ. ಅವರಿಬ್ಬರು ಹಾಗಲ್ಲ, ಸುಮ್ಮನಾದ್ರೆ ಯಾರಾದ್ರೂ ತಿರುಗಿ ನೋಡ್ಬೇಕು ಅಂದೆ.”